ಹತ್ತು ಆಳಿನ ದೋಣಿ, ಎರಡು ದಂಡೆ

ಮಸಗುಪ್ಪಿಯ ದುಂಡಪ್ಪ ಘಟಪ್ರಭೆಯಲ್ಲಿ ದೋಣಿ ನಡೆಸುತ್ತಿದ್ದ. ಅವನಿಗೆ ಓದು ಬಾರದು, ಆದರೆ ದೋಣಿ ಎಷ್ಟು ಭಾರ ತಡೆಯುತ್ತದೆಂದು ಗೊತ್ತಿತ್ತು. ೧೯೩೧ರಲ್ಲಿ ಕಚೇರಿಯಿಂದ ಆಜ್ಞೆ ಬಂತು: ಅಂಬಿಗನನ್ನು ಬಿಟ್ಟು ಹತ್ತು ಆಳಿಗಿಂತ ಹೆಚ್ಚು ಹತ್ತಿಸಬಾರದು, ಎರಡು ಕುರಿ ಎಂದರೆ ಒಂದು ಆಳು.

ದುಂಡಪ್ಪ ದಂಡೆಯ ಮೇಲಿದ್ದ ತನ್ನ ಮನೆಯ ಸುಣ್ಣದ ಗೋಡೆಯ ಮೇಲೆ ಇದ್ದಿಲಿನಿಂದ ಅಡ್ಡಗೆರೆ ಎಳೆದು ಆಳುಗಳಿಗೆಂದು ಹತ್ತು ಗುರುತು ಹಾಕಿದ. ಅದರ ಎಡತುದಿಯಲ್ಲಿ ನಿಲುವುಗೆರೆ ಎಳೆದು ಕುರಿಗಳಿಗೆಂದು ಇಪ್ಪತ್ತು. ಕೆಮ್ಮಣ್ಣಿನಲ್ಲಿ ಅದ್ದಿದ ಹಗ್ಗವನ್ನು ಹತ್ತನೆಯ ಆಳಿನಿಂದ ಇಪ್ಪತ್ತನೆಯ ಕುರಿಗೆ ಬಿಗಿಹಿಡಿದು ಮಿಡಿದ, ಓರೆಗೆರೆ ಮೂಡಿತು. ಜನ ಬಂದರೆ ಬೆರಳನ್ನು ಆಳಿದ್ದಷ್ಟು ಬಲಕ್ಕೆ, ಕುರಿಯಿದ್ದಷ್ಟು ಮೇಲಕ್ಕೆ ಒಯ್ಯುವನು. ಬೆರಳು ಓರೆಗೆರೆಯ ಒಳಗೆ ನಿಂತರೂ ಸರಿ, ಗೆರೆಯ ಮೇಲೆಯೇ ನಿಂತರೂ ಸರಿ, ದೋಣಿ ಹೊರಡುವುದು. ದಾಟಿದರೆ ಯಾರಾದರೂ ಇಳಿಯಬೇಕು.

ಆಚೆ ದಂಡೆ ಬೇರೊಂದು ಕಚೇರಿಯದು. ಅಲ್ಲಿನ ಕಾಗದದಲ್ಲಿ, ಹತ್ತು ಆಳಿಗಿಂತ ಕಡಿಮೆ ಇರಬೇಕು ಎಂದಿತ್ತು.

ಒಮ್ಮೆ ಕುರುಬರ ಲಗಮಪ್ಪ ಇನ್ನೈದು ಜನ, ಎಂಟು ಕುರಿಗಳೊಂದಿಗೆ ಹೊರಟ. ಆಚೆ ದಂಡೆಯ ಶಿಪಾಯಿ ಎಣಿಸಿದ.

“ಹತ್ತಾತು. ವಾಪಸ್ ನಡಿ.”

“ಹೆಚ್ಚಾಗಿಲ್ಲಲ್ರಿ! ಬರೋಬ್ಬರಿ ಹತ್ತೈತಿ,” ಎಂದ ದುಂಡಪ್ಪ.

“ಕಡಿಮಿ ಐತೇನು?”

ಲಗಮಪ್ಪ ಒಂದು ಕುರಿಯನ್ನೆತ್ತಿ ಮೊಣಕಾಲುದ್ದ ನೀರಿಗೆ ಬಿಟ್ಟ. “ಈಗ ಒಂಬತ್ತೂವರಿ ರಿ.”

ಶಿಪಾಯಿ ಮತ್ತೆ ಎಣಿಸಿ ಒಪ್ಪಿದ. ಕುರಿ ಆಗಲೇ ದಡ ಹತ್ತಿ ಅವನ ಕಾಲಬಳಿ ಮೈ ಕೊಡವುತ್ತಿತ್ತು. ಅದು ದೋಣಿಯಲ್ಲಿರಲಿಲ್ಲ, ಅವನು ಅತ್ತ ನೋಡಲಿಲ್ಲ.

ದುಂಡಪ್ಪ ಆಚೆಯ ಬಂಡೆಯ ಮೇಲೂ ಅದೇ ಚಿತ್ರ ಬರೆದ. ಓರೆಗೆರೆಯನ್ನು ಮಾತ್ರ ನಡುನಡುವೆ ಬಿಟ್ಟು ಬಿಟ್ಟು ಎಳೆದ. “ಈ ದಂಡ್ಯಾಗ ಗೆರಿ ಮ್ಯಾಲ ನಿಂತಾಂವ ಸಂದಿನ್ಯಾಗ ಬೀಳ್ತಾನ,” ಎಂದು ಜನರಿಗೆ ತಿಳಿಸಿದ.

ಇನ್ನೊಂದು ದಿನ ಹತ್ತು ಜನ, ಕುರಿಯೇ ಇಲ್ಲ. ದಡ ಹತ್ತಿರವಾದಂತೆ ಎಲ್ಲರೂ ಅರಿವೆ ವ್ಯಾಪಾರಿ ತವನಪ್ಪನ ದಪ್ಪ ಮೈ ನೋಡತೊಡಗಿದರು.

“ನಾನೂ ಒಂದ ಆಳ ರಿ,” ಎಂದು ತವನಪ್ಪ ಸಿಡುಕಿದ. ಆದರೂ ಧೋತರ ಎತ್ತಿಕಟ್ಟಿ, ಛತ್ರಿ ಬಿಚ್ಚಿ ನೀರಿಗಿಳಿದ. ದೋಣಿಗಿಂತ ಮೊದಲು ದಡ ಸೇರಿ, ಶಿಪಾಯಿಯ ಬಾಜೂ ನಿಂತು ಉಳಿದ ಒಂಬತ್ತು ಜನರನ್ನು ತಾನೇ ಎಣಿಸಿದ.

ತಕರಾರು ಮೇಲಕ್ಕೆ ಹೋಗಿ, ಎರಡು ಆಜ್ಞೆ ಒಂದು ಮಾಡಲು ದೊಡ್ಡ ಸಾಹೇಬರು ಬಂದರು. ಪರಿವಾರ ಸೇರಿ ಹನ್ನೊಂದು ಜನ. ದುಂಡಪ್ಪನ ಬೆರಳು ಗೆರೆ ದಾಟಿತು.

“ಒಬ್ರು ಉಳೀಬೇಕ್ರಿ ಸಾಹೇಬ್ರ.”

ಸಾಹೇಬರು ಮೆಚ್ಚಿ ಒಬ್ಬ ಜವಾನನನ್ನು ಬಿಟ್ಟರು. ಆಚೆ ಇನ್ನೊಬ್ಬ ಜವಾನ ನೀರಿಗಿಳಿದ. ಸಾಹೇಬರು ದಡದಲ್ಲಿ ಕುಳಿತು ಹೊಸ ಆಜ್ಞೆ ಬರೆದು ಮುದ್ರೆ ಕೇಳಿದರೆ, ಮುದ್ರೆಯ ಪೆಟ್ಟಿಗೆ ಈಚೆ ಉಳಿದವನ ಬಗಲಲ್ಲಿತ್ತು. ತರಿಸುವಷ್ಟರಲ್ಲಿ ಹೊಳೆ ಏರಿತು. ಅದು ಇಳಿಯುವುದರೊಳಗೆ ಸಾಹೇಬರಿಗೆ ವರ್ಗವಾಯಿತು. ಎರಡೂ ಆಜ್ಞೆ ಉಳಿದವು.

ಹನ್ನೊಂದು ವರ್ಷ ದುಂಡಪ್ಪ ಹೀಗೆಯೇ ನಡೆಸಿದ. ಮೊಣಕಾಲು ಹಿಡಿದ ಮೇಲೆ ಮಗಳು ಕಾಶೆವ್ವ ಹುಟ್ಟು ಹಿಡಿದಳು. ಮೊದಲ ದಿನ ಯಾರೂ ತೋಯದೆ ದಾಟಿದರು.

“ಏನ್ ಮಾಡಿದೆವ್ವಾ?” ಎಂದು ಕೇಳಿದ.

“ಒಂಬತ್ತ ಮಂದೀನ್ನ ಹತ್ತಿಸ್ಕೊಂಡೆ.”

ದುಂಡಪ್ಪ ಗೋಡೆಯ ಬಳಿ ಹೋಗಿ ಬೆರಳನ್ನು ಒಂಬತ್ತಕ್ಕೆ ಒಯ್ದ, ಅದು ಗೆರೆಯ ಒಳಗೇ ನಿಂತಿತು.