ಶೈಲಜಾ ಅವರ ಗುಲಾಬಿ ಜಿರೇನಿಯಂ ಮತ್ತು ಭಾವನವರ ತಂಬುಳಿ

ಮಾನ್ಮತ್ ಜಂಕ್ಷನ್‌ನಲ್ಲಿರುವ ಶೈಲಜಾ ಅವರ ಟೌನ್‌ಹೌಸ್‌ಗೆ ಹೋದವರು ಚಪ್ಪಲಿ ಬಿಟ್ಟ ಕೂಡಲೇ ಒಂದು ಎಲೆ ಸವರಬೇಕು. ಕಿಟಕಿಯುದ್ದಕ್ಕೂ ಇರುವುದು ಪರಿಮಳದ ಜಿರೇನಿಯಂ. ಇದರ ಹೂವನ್ನು ಯಾರೂ ಕೇಳುವುದಿಲ್ಲ, ಘಮವೆಲ್ಲ ಎಲೆಯಲ್ಲಿದೆ. ಮೆಲ್ಲಗೆ ಉಜ್ಜಿದರೆ ಒಂದು ಗಿಡ ನಿಂಬೆ, ಇನ್ನೊಂದು ಪುದೀನ, ಮತ್ತೊಂದು ಜಾಯಿಕಾಯಿ. ಪಾರ್ಸೆಲ್ ತರುವವನೂ ಸವರಿಯೇ ಹೋಗುತ್ತಾನೆ. ಗಂಡ ಅಶ್ವತ್ಥನಾರಾಯಣ ಮಾತ್ರ ಯಾವುದನ್ನು ಮೂಸಿದರೂ "ವಿಕ್ಸ್" ಎನ್ನುತ್ತಾರೆ.

ಶೈಲಜಾ ಕ್ರ್ಯಾನ್‌ಬರಿಯ ಔಷಧ ಕಂಪನಿಯೊಂದರ ಕ್ವಾಲಿಟಿ ವಿಭಾಗದಲ್ಲಿದ್ದಾರೆ. ಮಾತ್ರೆಯ ಬಣ್ಣ ಚೂರು ಮಾಸಿದ್ದರೂ ಇಡೀ ಬ್ಯಾಚ್ ತಡೆಹಿಡಿಯುವುದು ಅವರ ಕೆಲಸ. ಮನೆಯಲ್ಲೂ ಹಾಗೆಯೇ. ಮಣ್ಣಿನೊಳಗೆ ಬೆರಳಿಟ್ಟು ಒಣಗಿದೆಯೆಂದು ಖಾತ್ರಿಯಾಗದೆ ನೀರಿಲ್ಲ. ಅಕ್ಟೋಬರಿನ ಫ್ರಾಸ್ಟ್‌ಗೆ ಮೊದಲೇ ಡೆಕ್‌ನ ಕುಂಡಗಳೆಲ್ಲ ಒಳಗೆ, ಬಿಸಿಲು ಬೀಳುವ ದಕ್ಷಿಣದ ಕಿಟಕಿಗೆ. ನೆಡಲು ಕತ್ತರಿಸಿದ ಕಡ್ಡಿ ಕೊಳೆಯದಿರಲೆಂದು ಒಂದು ದಿನ ಒಣಗಿಸುತ್ತಾರೆ.

ಗುಲಾಬಿ ಪರಿಮಳದ ಗಿಡ ಅವರ ಪಟ್ಟದ ಆನೆ. ಪಕ್ಕದ ಚಿಗುರುಗಳನ್ನು ಚಿವುಟುತ್ತ, ಒಂದೇ ಕಾಂಡವನ್ನು ನೆಟ್ಟಗೆ ಬೆಳೆಸಿ, ನೆತ್ತಿಯ ಮೇಲೆ ಎಲೆಗಳ ಚೆಂಡು ಮೂಡಿಸಲು ವರ್ಷಗಳೇ ಹಿಡಿದಿದ್ದವು. ಊರಿನ ಗಾರ್ಡನ್ ಕ್ಲಬ್ ಜೂನ್‌ನಲ್ಲಿ ನಡೆಸುವ ಸ್ಪರ್ಧೆಯಲ್ಲಿ ಅವರಿಗೆ ಈವರೆಗೆ ಏನೂ ಸಿಕ್ಕಿರಲಿಲ್ಲ. ಈ ಸಲ ಪರಿಮಳ ವಿಭಾಗದ ಮೊದಲ ಬಹುಮಾನದ ನೀಲಿ ರಿಬ್ಬನ್ ತಮ್ಮದೇ ಎಂದು ಆಫೀಸಿನಲ್ಲೆಲ್ಲ ಹೇಳಿಬಿಟ್ಟಿದ್ದರು.

ಸ್ಪರ್ಧೆ ಶನಿವಾರ. ಬುಧವಾರ ಅಶ್ವತ್ಥನಾರಾಯಣರ ಅಣ್ಣ ಈಶಣ್ಣ ಮೈಸೂರಿನಿಂದ ಬಂದಿಳಿದರು, ವಿಮಾನದ ಎಸಿಯಲ್ಲಿ ಹಿಡಿದ ಶೀತದ ಸಮೇತ. ಶುಕ್ರವಾರ ಸಂಜೆ ಶೈಲಜಾ ಕೆಲಸದಿಂದ ಮರಳಿದಾಗ ಅಡುಗೆಮನೆಯಲ್ಲಿ ಒಗ್ಗರಣೆಯ ವಾಸನೆಯಿತ್ತು. ಕಿಟಕಿಯಲ್ಲಿ ಒಂದು ಕೋಲಿತ್ತು. ಕೋಲಿನ ತುದಿಯಲ್ಲಿ ನಾಲ್ಕು ಎಲೆ.

"ನಿಮ್ಮ ದೊಡ್ಡಪತ್ರೆ ಬಲು ಸೊಗಸಾಗಿದೆಯಮ್ಮ," ಎಂದರು ಈಶಣ್ಣ.

ಮೆತ್ತನೆಯ ರೋಮ, ಕಚ್ಚುಕಚ್ಚಾದ ಅಂಚು, ಮುಟ್ಟಿದರೆ ಘಮ. ಶೀತಕ್ಕೆ ದೊಡ್ಡಪತ್ರೆ ತಂಬುಳಿ ಉಂಡು ಬೆಳೆದವರಿಗೆ ಬೇರೇನೂ ಹೊಳೆದಿರಲಿಲ್ಲ. ತುಪ್ಪದಲ್ಲಿ ಬಾಡಿಸಿ, ಕಾಯಿ ಜೀರಿಗೆಯೊಂದಿಗೆ ರುಬ್ಬಿ, ಮಜ್ಜಿಗೆಗೆ ಬೆರೆಸಿದ್ದರು. "ಸ್ವಲ್ಪ ಗುಲಾಬಿ ವಾಸನೆ. ಇಲ್ಲಿನ ಗೊಬ್ಬರ ಬೇರೆ ಇರಬೇಕು."

"ಭಾವ, ಅದು ದೊಡ್ಡಪತ್ರೆ ಅಲ್ಲ. ನಾಳೆ ಕಾಂಪಿಟಿಷನ್‌ಗೆ ಹೋಗಬೇಕಾಗಿದ್ದ ಗಿಡ!"

"ಅಯ್ಯಯ್ಯೋ! ಒಂದು ಬೋರ್ಡಾದರೂ ಹಾಕಬಾರದಾ?"

ಅಶ್ವತ್ಥನಾರಾಯಣ ಎರಡನೇ ಸಲ ಬಡಿಸಿಕೊಳ್ಳುತ್ತಿದ್ದರು. "ವಿಕ್ಸ್ ಹಾಕಿದ ಮಜ್ಜಿಗೆ ಥರ ಇದೆ. ಆದ್ರೆ ಚೆನ್ನಾಗಿದೆ ಕಣೇ."

"ಡ್ಯಾಡ್, ಯೂ ಆರ್ ಈಟಿಂಗ್ ದಿ ಎವಿಡೆನ್ಸ್," ಎಂದಳು ಮಗಳು ಧೃತಿ.

ಹೆಸರು ಕೊಟ್ಟ ಮೇಲೆ ಹೋಗದಿರುವುದು ಶೈಲಜಾ ಅವರ ಜಾಯಮಾನವಲ್ಲ. ಮರುದಿನ ಆ ಕೋಲನ್ನೇ ಒಯ್ದರು. ಪಶ್ಚಾತ್ತಾಪಪಟ್ಟ ಈಶಣ್ಣ ಕುಂಡ ಹೊತ್ತರು. ಹೊರಡುವ ಮುನ್ನ, ದಂಡವಾಗಬಾರದೆಂದು, ಉಳಿದ ತಂಬುಳಿಯನ್ನೆಲ್ಲ ಅನ್ನಕ್ಕೆ ಕಲಸಿ ಮುಗಿಸಿದ್ದರು.

ತೀರ್ಪುಗಾರ್ತಿ, ಪೆಗಿ ಎಂಬ ಬಿಳಿಕೂದಲ ಹೆಂಗಸು, ಕೋಲನ್ನು ಕಂಡು ತುಸು ಕನಿಕರದಿಂದ ಬಗ್ಗಿ ಕಣ್ಣು ಮುಚ್ಚಿದರು. ಅದೇ ಹೊತ್ತಿಗೆ ಕುಂಡದ ಹಿಂದೆ ನಿಂತಿದ್ದ ಈಶಣ್ಣನವರಿಗೆ ದೀರ್ಘವಾದ ತೇಗು ಬಂತು.

"ಓ ಮೈ! ನಾಲ್ಕೇ ಎಲೆಗೆ ಇಷ್ಟು ಗುಲಾಬಿಯೇ?" ಪೆಗಿಯ ಕೈ ನೀಲಿ ರಿಬ್ಬನ್ನಿನತ್ತ ಹೋಯಿತು.

ಶೈಲಜಾ ರಿಬ್ಬನ್ ನೋಡಿದರು. ಭಾವನನ್ನು ನೋಡಿದರು. ದೋಷ ಗೊತ್ತಿದ್ದೂ ಅವರು ಪಾಸ್ ಮಾಡಿದ ಬ್ಯಾಚ್ ಒಂದೂ ಇಲ್ಲ.

"ಕ್ಷಮಿಸಿ, ಅದು ಗಿಡದ ಪರಿಮಳ ಅಲ್ಲ. ನಮ್ಮ ಭಾವನದು."

ತಂಬುಳಿಯ ಕಥೆಯನ್ನೆಲ್ಲ ಕೇಳಿದ ಪೆಗಿ ಈಶಣ್ಣನವರನ್ನು ಅಡಿಯಿಂದ ಮುಡಿಯವರೆಗೆ ಪರಿಶೀಲಿಸಿದರು. ಈಶಣ್ಣ ಕೈಮುಗಿದರು. ಇನ್ನೊಬ್ಬ ತೀರ್ಪುಗಾರರೊಂದಿಗೆ ಸ್ವಲ್ಪ ಹೊತ್ತು ಚರ್ಚೆ ನಡೆಯಿತು. ಸ್ಪರ್ಧೆಗಿಟ್ಟದ್ದು ಕನಿಷ್ಠ ಮೂರು ತಿಂಗಳು ಸ್ಪರ್ಧಿಯ ಮನೆಯಲ್ಲೇ ಬೆಳೆದಿರಬೇಕೆಂಬುದು ನಿಯಮ.

"ಇವರು ನಿಮ್ಮ ಮನೆಯಲ್ಲಿ ಯಾವಾಗಿನಿಂದ ಇದ್ದಾರೆ?" ಪೆಗಿ ಗಂಭೀರವಾಗಿಯೇ ಕೇಳಿದರು.

"ಬುಧವಾರದಿಂದ."

ರಿಬ್ಬನ್ ಪಕ್ಕದ ಮೇಜಿನ ನಿಂಬೆ ಜಿರೇನಿಯಂಗೆ ಹೋಯಿತು.

ಮನೆಗೆ ಶೈಲಜಾ ಡ್ರೈವ್ ಮಾಡುತ್ತಿದ್ದರು. ಪಕ್ಕದಲ್ಲಿದ್ದ ಅಶ್ವತ್ಥನಾರಾಯಣ ಕೆಮ್ಮಿದರು. "ಅಣ್ಣ ಆರು ತಿಂಗಳು ಇರ್ತಾನೆ. ಸೆಪ್ಟೆಂಬರ್‌ನಲ್ಲೂ ಒಂದು ಶೋ ಇದೆ ಅಂದಿದ್ದೆಯಲ್ಲ?"

ಹಿಂದಿನ ಸೀಟಿನಲ್ಲಿ ಕುಂಡ ತಬ್ಬಿ ಕೂತಿದ್ದ ಈಶಣ್ಣ ಲೆಕ್ಕ ಹಾಕಿದರು. "ನನ್ನದೇನೂ ಅಭ್ಯಂತರ ಇಲ್ಲಮ್ಮ. ಆದರೆ ಅಲ್ಲೀತನಕ ಈ ಎಲೆ ಸಾಲುತ್ತಾ?"