ಯಾಮ್ನಾಳ ಎಡ ಚಪ್ಪೆ

ನಮ್ಮ ಹಮ್ಮಾಮಿನಲ್ಲಿ, ಅಂದರೆ ಕೇರಿಯವರೆಲ್ಲ ಬರುವ ಬಿಸಿನೀರಿನ ಸ್ನಾನದ ಮನೆಯಲ್ಲಿ, ಮೈ ಉಜ್ಜುವ ಕೆಲಸಕ್ಕೆ ಸೇರಿದಾಗ ಯಾಮ್ನಾಳಿಗೆ ಇಪ್ಪತ್ತೊಂದು ವರ್ಷ. ತಾವ್ನಾತ್ ಬೆಟ್ಟದ ಕಡೆಯ ಹುಡುಗಿ. ಫೆಸ್ ಪಟ್ಟಣದ ಗಲ್ಲಿಗಳಲ್ಲಿ ಆಗಿನ್ನೂ ದಾರಿ ತಪ್ಪುತ್ತಿದ್ದಳು. ನಾನು ಆಗಲೇ ಹೊರಕೋಣೆಯಲ್ಲಿ ಕೂತು ಬಂದವರ ಬಟ್ಟೆ, ಚಪ್ಪಲಿ ಕಾಯುತ್ತಿದ್ದೆ. ಈಗಲೂ ಅಲ್ಲೇ ಕೂತಿದ್ದೇನೆ. ಅವಳಿಗಿಂತ ಹತ್ತು ವರ್ಷ ದೊಡ್ಡವಳಾದ್ದರಿಂದ ನನ್ನನ್ನು ಖಾಲ್ತಿ, ಅಂದರೆ ಚಿಕ್ಕಮ್ಮ ಎಂದು ಕರೆಯುತ್ತಿದ್ದಳು.

ಮೈ ಉಜ್ಜುವುದೆಂದರೆ ಬರೀ ಕೈ ಕೆಲಸ ಎಂದು ಹೊರಗಿನವರಿಗೆ ಅನ್ನಿಸಬಹುದು. ಗಿರಾಕಿ ಬಿಸಿ ಕಲ್ಲಿನ ಮೇಲೆ ಮಲಗುತ್ತಾಳೆ. ಯಾಮ್ನಾ ಪಕ್ಕದಲ್ಲಿ ಎರಡೂ ಕಾಲುಗಳನ್ನು ಬಲಕ್ಕೆ ಮಡಚಿ, ಮೈಭಾರವನ್ನೆಲ್ಲ ಎಡ ಚಪ್ಪೆಯ ಮೇಲೆ, ಸೊಂಟದ ಕೆಳಗಿನ ಮಗ್ಗುಲ ಮೇಲೆ ಬಿಟ್ಟು ಕೂರುತ್ತಾಳೆ. ಕರಿ ಸಾಬೂನು ಹಚ್ಚಿ, ಒರಟು ಕೈಗವಸು ಹಾಕಿ, ಕುತ್ತಿಗೆಯಿಂದ ಹಿಮ್ಮಡಿಯವರೆಗೆ ಉಜ್ಜುತ್ತಾಳೆ. ನಡುನಡುವೆ ಎದ್ದು ತೊಟ್ಟಿಯಿಂದ ಎರಡೆರಡು ಬಕೆಟ್ ಬಿಸಿನೀರು ಹೊತ್ತು ತರುತ್ತಾಳೆ. ನೆಲ ಜಾರುತ್ತದೆ, ಹೆಜ್ಜೆ ಬಿಗಿಹಿಡಿದು ಇಡಬೇಕು. ದಿನಕ್ಕೆ ಹತ್ತು ಮಂದಿ, ಹಬ್ಬದ ಹಿಂದಿನ ದಿನ ಇಪ್ಪತ್ತು.

ಅವಳ ಕೈಗೆ ಹೆಸರಿತ್ತು. ಬಾಬ್ ಗೀಸಾ ಕೋಟೆಬಾಗಿಲಿನಿಂದ ಆಚೆಯ ಹೆಂಗಸರೂ ಮಗಳ ಮದುವೆಯ ಮುಂಚಿನ ಸ್ನಾನಕ್ಕೆ ಅವಳನ್ನೇ ಕೇಳಿಕೊಂಡು ಬರುತ್ತಿದ್ದರು. ಅವಳಿಗೂ ಅದರ ಜಂಬ ಇತ್ತು. ಯಾರಾದರೂ ಭುಜ ಹಿಡಿದಿದೆ ಎಂದರೆ, "ಎಲ್ಲಿ ಅಂತ ನೀನು ಹೇಳ್ಬೇಡ, ನನ್ನ ಬೆರಳೇ ಹುಡುಕುತ್ತೆ" ಎನ್ನುತ್ತಿದ್ದಳು. ಹುಡುಕುತ್ತಲೂ ಇದ್ದಳು. ಗಂಡ ತೀರಿಕೊಂಡ ವರ್ಷ ನಾಲ್ಕೇ ತಿಂಗಳು ಮನೆಯಲ್ಲಿ ಕೂತಳು. ಅದು ಬಿಟ್ಟರೆ ಮೂವತ್ತೊಂದು ವರ್ಷ ಕೆಲಸ ತಪ್ಪಿಸಿದವಳಲ್ಲ.

ನೋವು ಶುರುವಾದದ್ದು ಬೇಸಿಗೆಯ ಮದುವೆಗಳೆಲ್ಲ ಮುಗಿದ ಮೇಲೆ. ಎಡಗಡೆ, ತೊಡೆ ಶುರುವಾಗುವಲ್ಲಿ ಹೊರಗೆ ಗುಬಟಾಗಿ ಕೈಗೆ ಸಿಗುವ ಎಲುಬು ಇದೆಯಲ್ಲ, ಅಲ್ಲಿ. ಮೊದಲು ಕೂತಲ್ಲಿಂದ ಏಳುವಾಗ ಮಾತ್ರ ಚುಚ್ಚುತ್ತಿತ್ತು. ಆಮೇಲೆ ಮೆಟ್ಟಿಲು ಹತ್ತುವಾಗ. ಆಮೇಲೆ ಎಡ ಮಗ್ಗುಲಲ್ಲಿ ಮಲಗಲು ಆಗುತ್ತಿರಲಿಲ್ಲ, ಬಲ ಮಗ್ಗುಲಲ್ಲಿ ಮಲಗಿದರೂ ಎಡಗಾಲು ಜೋತುಬಿದ್ದು ಎಳೆಯುತ್ತಿತ್ತು. ಕೆಲಸಕ್ಕೆ ಬರುವಾಗ ಅವಳ ನಡಿಗೆ ಒಂದು ಕಡೆ ವಾಲುತ್ತಿದ್ದುದನ್ನು ನಾನು ನೋಡಿದೆ. ಕೇಳಲಿಲ್ಲ. ಅವಳಾಗಿ ಹೇಳುವವಳಲ್ಲ.

ಕೊನೆಗೆ ಹೇಳಿದ್ದು ಬತೂಲಳಿಗೆ. ಬತೂಲ್ ಅದೇ ಹಮ್ಮಾಮಿನಲ್ಲಿ ಮೈ ಉಜ್ಜುವ ಇನ್ನೊಬ್ಬಳು, ಹದಿನೈದು ವರ್ಷ ಚಿಕ್ಕವಳು, ಇಬ್ಬರಿಗೂ ಅಷ್ಟಕ್ಕಷ್ಟೆ. ಒಂದು ದಿನ ಗಿರಾಕಿಗಳಿಲ್ಲದ ಹೊತ್ತು ನೋಡಿ ಯಾಮ್ನಾ ಕಲ್ಲಿನ ಮೇಲೆ ಬಲ ಮಗ್ಗುಲಾಗಿ ಮಲಗಿ, "ಮೊಣಕೈ ಊರಿ ಒತ್ತು" ಎಂದಳು.

"ಅಕ್ಕಾ, ನಿನ್ನ ಮೈ ಮುಟ್ಟೋ ಪುಣ್ಯ ನನಗೆ ಯಾವಾಗ ಬಂತು?" ಎಂದಳು ಬತೂಲ್.

"ಬಾಯಿಗೆ ಕೊಟ್ಟ ಶಕ್ತಿ ಮೊಣಕೈಗೆ ಕೊಡು."

ಬತೂಲ್ ಕೊಟ್ಟಳು. ದಿನಾ ಸಂಜೆ, ಹತ್ತು ಹದಿನೈದು ದಿನ. ಮೂರನೇ ವಾರಕ್ಕೆ ಯಾಮ್ನಾ ಗೋಡೆ ಹಿಡಿಯದೆ ಚಪ್ಪಲಿ ಹಾಕಿಕೊಳ್ಳಲಾರದಾದಳು.

ಹಮ್ಮಾಮಿನಲ್ಲಿ ಗುಟ್ಟು ಉಳಿಯುವುದಿಲ್ಲ. ಎಲ್ಲರ ತೀರ್ಪು ಒಂದೇ ಆಗಿತ್ತು: ಬೂಝೆಲ್ಲೂಮ್. ಸೊಂಟದಿಂದ ಕಾಲಿಗೆ ಇಳಿಯುವ ನರದ ನೋವಿಗೆ ನಮ್ಮಲ್ಲಿ ಹಾಗೆನ್ನುತ್ತಾರೆ. ಸೊಂಟದಿಂದ ಕೆಳಗೆ ಎಲ್ಲಿ ನೋವಾದರೂ ಅದೇ ಹೆಸರು. ಊರ ಹೊರಗೆ ಸಂತೆಯ ದಾರಿಯಲ್ಲಿ ಸೀ ತಹಾಮಿ ಎಂಬ ಮುದುಕ ಅದಕ್ಕೆ ಬರೆ ಹಾಕುತ್ತಿದ್ದ. ಯಾಮ್ನಾ ಹೋಗಿ ಬಂದಳು. ಹಿಮ್ಮಡಿಯ ಮೇಲೆ ಒಂದು, ಚಪ್ಪೆಯ ಮೇಲೆ ಮೂರು ಬರೆ. ಗಾಯ ಒಣಗಲು ತಿಂಗಳು ಹಿಡಿಯಿತು. ಆ ತಿಂಗಳು ಕೆಲಸವಿಲ್ಲದೆ ಮನೆಯಲ್ಲಿದ್ದಳು, ನೋವು ಸ್ವಲ್ಪ ಇಳಿಯಿತು. ಬರೆಯಿಂದಲೇ ಇಳಿಯಿತೆಂದು ನಂಬಿದಳು. ಕೆಲಸಕ್ಕೆ ಬಂದ ಐದನೇ ದಿನ ಮತ್ತೆ ಅಲ್ಲಿಗೇ ಬಂತು.

"ಇನ್ನೊಂದ್ಸಲ ಹೋಗ್ಲಾ ಖಾಲ್ತಿ?" ಎಂದು ನನ್ನನ್ನು ಕೇಳಿದಳು.

"ಮೈಯಲ್ಲಿ ಬರೆ ಹಾಕೋಕೆ ಜಾಗ ಉಳಿದಿದ್ರೆ ಹೋಗು" ಎಂದೆ. "ಇಲ್ಲಾಂದ್ರೆ ನಾಳೆ ನನ್ನ ಜೊತೆ ಆಸ್ಪತ್ರೆಗೆ ಬಾ."

ಬೆಳಗಿನ ಹೊತ್ತು ಹಮ್ಮಾಮು ಗಂಡಸರದ್ದು, ನಮಗಿಬ್ಬರಿಗೂ ಬಿಡುವು. ಡಾಕ್ಟರು ಎಕ್ಸ್-ರೇ ತೆಗೆಸಿದರು. ಕೀಲು ಸವೆದಿಲ್ಲ ಎಂದರು. ಕಾಲುಚೀಲ ಹಾಕಿಕೊಳ್ಳುವಾಗ ಕಾಲು ಮಡಚಲು ಬರುತ್ತದೆಯೇ, ಪಾದ ಜೋಮು ಹಿಡಿಯುತ್ತದೆಯೇ ಎಂದೆಲ್ಲ ಕೇಳಿದರು. ಕಾಲು ಮಡಚಲು ಬರುತ್ತಿತ್ತು, ಪಾದಕ್ಕೆ ಜೋಮು ಇರಲಿಲ್ಲ. ಆಮೇಲೆ ಆ ಎಲುಬಿನ ಮೇಲೆ ಒಂದೇ ಬೆರಳಿಟ್ಟು ಒತ್ತಿದರು. ಯಾಮ್ನಾ ಹಾಸಿಗೆಯಿಂದ ಅರ್ಧ ಎದ್ದುಬಿಟ್ಟಳು. ಬೂಝೆಲ್ಲೂಮ್ ಅಲ್ಲ ಎಂದು ಹೇಳಿ ವ್ಯಾಯಾಮದ ಚಿಕಿತ್ಸೆಯವರ ಬಳಿ ಕಳಿಸಿದರು.

ಅಲ್ಲಿದ್ದವಳು ಇಖ್ಲಾಸ್ ಎಂಬ ಮೂವತ್ತರ ಆಸುಪಾಸಿನ ಹೆಂಗಸು. ಯಾಮ್ನಾಳನ್ನು ಎಡಗಾಲೊಂದರ ಮೇಲೆ ನಿಲ್ಲಿಸಿದಳು. ಹತ್ತು ಎಣಿಸುವಷ್ಟರಲ್ಲಿ ಯಾಮ್ನಾಳ ಮುಖ ಬಿಗಿಯಿತು, ಸೊಂಟ ಒಂದು ಕಡೆ ಕುಸಿಯಿತು.

"ನೋಡಿ ಖಾಲ್ತಿ" ಎಂದು ಇಖ್ಲಾಸ್ ಯಾಮ್ನಾಳಿಗೆ ಹೇಳಿದಳು, "ಎಲುಬಿನ ಮೇಲೆ ಸ್ನಾಯು ತಿಕ್ಕಬಾರದು ಅಂತ ನಡುವೆ ಒಂದು ತೆಳು ಚೀಲ ಇರುತ್ತೆ. ಒಳಗೆ ಒಂಚೂರು ಲೋಳೆ ನೀರು. ಬರ್ಸಾ ಅಂತಾರೆ. ಅದು ಊದಿದೆ. ಅದರ ಮೇಲೆ ಹಾದುಹೋಗೋ ಸ್ನಾಯುನೂ ಸೋತು ಹೋಗಿದೆ. ಕೆಲಸ ಮಾಡುವಾಗ ಹೇಗೆ ಕೂರ್ತೀರಿ ತೋರಿಸಿ."

ಯಾಮ್ನಾ ನೆಲದ ಮೇಲೆ ಕೂತು ತೋರಿಸಿದಳು.

"ಮೂವತ್ತು ವರ್ಷದಿಂದ ಅದರ ಮೇಲೇ ಕೂತಿದ್ದೀರಿ."

"ಚೆನ್ನಾಗಿ ಉಜ್ಜಿಸಿದ್ರೆ ಇಳಿಯಲ್ವಾ?"

"ಉಜ್ಜಿದಷ್ಟೂ ಊದುತ್ತೆ."

ಯಾಮ್ನಾ ಅವಳನ್ನೇ ನೋಡಿದಳು. "ನನಗೆ ನೀನು ಇದನ್ನ ಹೇಳ್ತಿದ್ದೀಯಾ ಮಗಳೆ?" ಎಂದು ಕೇಳಿದಳು. ಕೋಪವೇನಿರಲಿಲ್ಲ, ನಿಜಕ್ಕೂ ತಿಳಿಯದೆ ಕೇಳಿದಂತಿತ್ತು.

ಇಖ್ಲಾಸ್ ಹೇಳಿದ್ದು ಇಷ್ಟು: ಆ ಭಂಗಿಯಲ್ಲಿ ಕೂರಬೇಡಿ, ಕಾಲ ಮೇಲೆ ಕಾಲು ಹಾಕಬೇಡಿ, ಒಂದೇ ಕಾಲಿಗೆ ಭಾರ ಬಿಟ್ಟು ನಿಲ್ಲಬೇಡಿ, ಬಕೆಟ್ ಹೊರಬೇಡಿ, ಬಲ ಮಗ್ಗುಲಲ್ಲಿ ಮಲಗಿದರೆ ಮಂಡಿಗಳ ನಡುವೆ ದಿಂಬು ಇಟ್ಟುಕೊಳ್ಳಿ, ನೋವಾದಾಗ ಐಸ್ ಇಡಿ, ದಿನಾ ಈ ನಾಲ್ಕು ವ್ಯಾಯಾಮ ಮಾಡಿ. ತಿಂಗಳುಗಟ್ಟಲೆ ಹಿಡಿಯುತ್ತದೆ.

"ತಿಂಗಳುಗಟ್ಟಲೆ?" ಎಂದಳು ಯಾಮ್ನಾ. ಶಾಬಾನ್ ತಿಂಗಳು ಎದುರಿಗಿತ್ತು, ರಂಜಾನಿಗೆ ಮುಂಚೆ ಮಾಡಿ ಮುಗಿಸಬೇಕಾದ ಮದುವೆಗಳ ತಿಂಗಳು. ಅವಳು ಮತ್ತೆ ಡಾಕ್ಟರ ಬಳಿ ಹೋಗಿ ಸೂಜಿ ಹಾಕಿಸಿಕೊಂಡಳು. ಮೂರನೇ ದಿನಕ್ಕೆ ನೋವು ಮಾಯ. ಅವಳು ಬಾಗಿಲಲ್ಲಿ ಬಂದು ನಿಂತು, ಎಡಗಾಲೊಂದರ ಮೇಲೆ ನಿಂತು ತೋರಿಸಿದಳು. ಬತೂಲ್ ಒಳಗಿನಿಂದ, "ಕುಣಿಯೋದೊಂದೇ ಬಾಕಿ, ಡೋಲು ತರಿಸ್ಲಾ?" ಎಂದಳು.

ಆ ಶಾಬಾನಿನಲ್ಲಿ ಯಾಮ್ನಾ ಹದಿನೇಳು ಮಂದಿ ಮದುವಣಗಿತ್ತಿಯರನ್ನು ಉಜ್ಜಿದಳು. ಕಾಲು ಮಡಚಿ ಕೂತೇ ಉಜ್ಜಿದಳು, ಬಕೆಟ್ಟನ್ನೂ ತಾನೇ ಹೊತ್ತಳು. ವ್ಯಾಯಾಮ ಮಾಡಲಿಲ್ಲ. ರಂಜಾನ್ ಮುಗಿಯುವ ಹೊತ್ತಿಗೆ ನೋವು ಮೊದಲಿಗಿಂತ ಜೋರಾಗಿ ಬಂತು.

ಮತ್ತೆ ಹೋದಾಗ ಇಖ್ಲಾಸ್ ಬೈಯಲಿಲ್ಲ. "ನೋವು ಇಳಿಸಿದ್ದು ವ್ಯಾಯಾಮ ಮಾಡ್ಲಿ ಅಂತ, ನೀರು ಹೊರ್ಲಿ ಅಂತ ಅಲ್ಲ" ಎಂದಷ್ಟೇ ಹೇಳಿ, ಮೊದಲಿನಿಂದ ಶುರುಮಾಡಿದಳು.

ಈ ಸಲ ಯಾಮ್ನಾ ಅವಳ ಮಾತು ಕೇಳಿದಳು. ನನ್ನ ಕೋಣೆಯ ಚಾಪೆಯ ಮೇಲೆ ಅಂಗಾತ ಮಲಗಿ ಸೊಂಟ ಎತ್ತುವುದು, ಗೋಡೆಗೆ ಕೈ ಊರಿ ಪಕ್ಕಕ್ಕೆ ಹೆಜ್ಜೆ ಹಾಕುವುದು, ಬಾಗಿಲ ಮೆಟ್ಟಿಲನ್ನು ನಿಧಾನಕ್ಕೆ ಹತ್ತಿ ಇಳಿಯುವುದು. ಬಟ್ಟೆ ಬಿಚ್ಚುತ್ತಿದ್ದ ಹೆಂಗಸರು ನಗುತ್ತಿದ್ದರು. ಒಬ್ಬಳು, "ಲಲ್ಲಾ ಯಾಮ್ನಾ, ಎರಡನೇ ಮದುವೆಗೆ ತಯಾರಿಯಾ?" ಎಂದು ಕೇಳಿದಳು. "ನಿನ್ನ ಗಂಡನ್ನ ನೋಡಿದ ಮೇಲೆ ಆ ಆಸೆ ಬಿಟ್ಟೆ" ಎಂದು ಯಾಮ್ನಾ ಸೊಂಟ ಇಳಿಸದೆ ಉತ್ತರ ಕೊಟ್ಟಳು. ಐಸನ್ನು ಮೂಲೆಯ ಸಾರ್ಡೀನ್ ಮೀನಿನವನಿಂದ ಚೀಲದಲ್ಲಿ ತರುತ್ತಿದ್ದೆವು. ಅರ್ಧ ಗಂಟೆ ನನ್ನ ಕೋಣೆಯೆಲ್ಲ ಮೀನು ನಾರುತ್ತಿತ್ತು.

ಒಳಗೆ ಪ್ಲಾಸ್ಟಿಕ್ ಸ್ಟೂಲೊಂದು ಬಂತು. ಗಿರಾಕಿಯನ್ನು ಎತ್ತರದ ಕಟ್ಟೆಯ ಮೇಲೆ ಮಲಗಿಸಿ, ತಾನು ಎರಡೂ ಪಾದ ನೆಲಕ್ಕೂರಿ ಕೂತು ಉಜ್ಜತೊಡಗಿದಳು. ಹಳೆಯ ಗಿರಾಕಿಗಳಿಗೆ ಹಿಡಿಸಲಿಲ್ಲ. ಮೊದಲಿನಷ್ಟು ಬಲ ಬೀಳುವುದಿಲ್ಲ ಎಂದರು. ಅದು ಸುಳ್ಳೂ ಅಲ್ಲ. ನೀರು ಬತೂಲ್ ಹೊತ್ತು ಕೊಡಬೇಕಿತ್ತು, ಅದಕ್ಕೆ ಬದಲಾಗಿ ಗಿರಾಕಿಗಳಲ್ಲಿ ಅರ್ಧ ಬತೂಲಳ ಪಾಲಾದರು. ಇಬ್ಬರೂ ಕೂತು ಮಾತಾಡಿ ಒಪ್ಪಿಕೊಂಡದ್ದೇ ಅದು. ಆದರೂ, ಅಜ್ಜಿ, ಅಮ್ಮ ಇಬ್ಬರನ್ನೂ ಯಾಮ್ನಾ ಉಜ್ಜಿದ್ದ ಮನೆಯೊಂದರಿಂದ ಮದುಮಗಳು ಬಂದು ಬತೂಲಳನ್ನೇ ಕೇಳಿದ ದಿನ, ಯಾಮ್ನಾ ನನ್ನ ಕೋಣೆಗೆ ಬಂದು ಗೋಡೆಗೆ ಮುಖ ಮಾಡಿ ವ್ಯಾಯಾಮದ ಹೆಜ್ಜೆ ಹಾಕುತ್ತ ಅತ್ತಳು. ಎಣಿಕೆ ತಪ್ಪಿಸಲಿಲ್ಲ. ಇಪ್ಪತ್ತು ಮುಗಿಸಿ, ಮುಖ ಒರೆಸಿಕೊಂಡು ಒಳಗೆ ಹೋದಳು. ಒಳಗಿನಿಂದ ಬತೂಲ್, "ಅಕ್ಕಾ, ಬೆನ್ನಿಗೆ ಕೈ ಹೇಗೆ ಹೊರಳಿಸ್ಬೇಕು, ಬಂದು ತೋರ್ಸು" ಎಂದು ಕೂಗಿದ್ದು ಕೇಳಿಸಿತು. ತೋರಿಸಿದಳೋ ಇಲ್ಲವೋ ನಾನು ನೋಡಲಿಲ್ಲ.

ಬದಲಾವಣೆ ಯಾವ ದಿನ ಬಂತೆಂದು ಹೇಳಲಾಗುವುದಿಲ್ಲ. ಆಲಿವ್ ಹಣ್ಣಾಗುವ ಕಾಲಕ್ಕೆ ಮೆಟ್ಟಿಲು ಹತ್ತುವಾಗ ಗೋಡೆ ಹಿಡಿಯುವುದನ್ನು ಬಿಟ್ಟಿದ್ದಳು. ಚಳಿಗಾಲದಲ್ಲಿ ಬೆಳಗಿನ ತನಕ ನಿದ್ದೆ ಮಾಡತೊಡಗಿದಳು. ಮಳೆ ಬಿದ್ದ ದಿನ, ಹೆಚ್ಚು ನಡೆದ ದಿನ ಈಗಲೂ ಸ್ವಲ್ಪ ನೋಯುತ್ತದೆ. ಎಡ ಮಗ್ಗುಲಲ್ಲಿ ತುಂಬ ಹೊತ್ತು ಮಲಗುವುದಿಲ್ಲ. ವಾರಕ್ಕೆ ನಾಲ್ಕು ದಿನ ಮಾತ್ರ ಬರುತ್ತಾಳೆ, ದಿನಕ್ಕೆ ಐದಾರು ಮಂದಿ.

ಕಳೆದ ತಿಂಗಳು ಐವತ್ತು ದಾಟಿದ ಹೆಂಗಸೊಬ್ಬಳು ಬಂದಿದ್ದಳು. ಚಪ್ಪೆ ನೋವು, ಚೆನ್ನಾಗಿ ಒತ್ತಿ ಉಜ್ಜಬೇಕು ಎಂದಳು. ಯಾಮ್ನಾ ಅವಳನ್ನು ಮಗ್ಗುಲಾಗಿ ಮಲಗಿಸಿ, ಎಲುಬಿನ ಮೇಲೆ ಒಂದು ಬೆರಳಿಟ್ಟಳು. ಹೆಂಗಸು ಉಸಿರೆಳೆದುಕೊಂಡಳಂತೆ.

"ಇಲ್ಲಿ ನಾನು ಕೈ ಹಾಕಲ್ಲ" ಎಂದು ಯಾಮ್ನಾ ಅವಳನ್ನು ಎಬ್ಬಿಸಿ ಹೊರಗೆ ಕರೆತಂದಳು. "ಖಾಲ್ತಿ, ಇಖ್ಲಾಸ್ ಕೂರೋ ಜಾಗ ಇವರಿಗೆ ಹೇಳಿ."

"ಉಜ್ಜೋಕೆ ಬರೋದಿಲ್ಲಾಂತ ನೇರ ಹೇಳಬಾರ್ದಾ?" ಎಂದಳು ಹೆಂಗಸು.

"ಬರುತ್ತೆ. ಅದಕ್ಕೇ ಬೇಡ ಅಂತಿರೋದು."

ನಾನು ದಾರಿ ಹೇಳಿದೆ. ಹೆಂಗಸು ಕೇಳಿಸಿಕೊಳ್ಳುತ್ತಲೇ ಸಿಡುಕಿನಿಂದ ಬಟ್ಟೆ ಹಾಕಿಕೊಂಡಳು, ಮೆಟ್ಟಿಲಲ್ಲಿ ಗೋಡೆ ಹಿಡಿದು ಇಳಿದು ಹೋದಳು. ಆಸ್ಪತ್ರೆಗೆ ಹೋದಳೋ, ಬೇರೆ ಹಮ್ಮಾಮಿಗೆ ಹೋದಳೋ ಗೊತ್ತಿಲ್ಲ. ನಮ್ಮಲ್ಲಿಗೆ ಮತ್ತೆ ಬಂದಿಲ್ಲ.