ಇಪ್ಪತ್ಮೂರನೆಯ ಕಲ್ಲಿಗೆ ಜಳಕ

ಬೆಳಗಿನ ಆರಕ್ಕೆ ಇನ್ನೂ ಹತ್ತು ನಿಮಿಷವಿದೆ. ಮಾಯಪ್ಪ ಆಗಲೇ ಹದಿನಾಲ್ಕನೆಯ ಕಲ್ಲಿನ ಮುಂದೆ ಕುಕ್ಕರಗಾಲಿನಲ್ಲಿ ಕೂತಿದ್ದಾರೆ. ಬಾಜೂಕ್ಕೆ ಸುಣ್ಣದ ಡಬ್ಬಿ, ಕೈಯಲ್ಲಿ ಪುಂಡಿನಾರಿನ ಕುಂಚ. ಹಳೆ ಧೋತರದ ತುಂಡಿನಿಂದ ಕಲ್ಲಿನ ಮೋರೆ ಒರೆಸಿ, ಸುಣ್ಣ ಬಳಿದು, ಕೆತ್ತಿದ ಅಂಕಿಗೆ ಕೆಂಪು ಬಣ್ಣ ತುಂಬುತ್ತಾರೆ. ಹಿನ್ನೀರಿನಲ್ಲಿ ಕೊಕ್ಕರೆಗಳು ಜಾಗಕ್ಕಾಗಿ ಜಗಳಕ್ಕಿಳಿದಿವೆ. "ಅವಕ್ಕೇನ್ ಗೊತ್ರಿ ಗಡಿ? ನನಗ ಗೊತ್ತಿದ್ರ ಸಾಕು" ಎಂದು ನಗುತ್ತಾರೆ.

ಘೋಡಗೇರಿ ಕಡೆಯ ಈ ಪಕ್ಷಿಧಾಮಕ್ಕೆ ಕಾಗದದಲ್ಲಿ ನಲವತ್ತೊಂದು ಗಡಿಕಲ್ಲು, ನೆಲದ ಮೇಲೆ ಇಪ್ಪತ್ತೊಂಬತ್ತು. ಉಳಿದ ಹನ್ನೆರಡು ಸುತ್ತಲಿನ ಊರುಗಳಲ್ಲಿ ಬಟ್ಟೆ ಒಗೆಯುವ ಕಲ್ಲಾಗಿ, ಎಮ್ಮೆ ಕಟ್ಟುವ ಗೂಟವಾಗಿ, ಒಂದಂತೂ ಚಹಾದಂಗಡಿಯ ಮೆಟ್ಟಿಲಾಗಿ ಸಮಾಜಸೇವೆಯಲ್ಲಿ ತೊಡಗಿವೆ. ದಿನಗೂಲಿ ಕಾವಲುಗಾರ ಮಾಯಪ್ಪ ಹದಿನೆಂಟು ವರ್ಷಗಳಿಂದ ದಿನಕ್ಕೆ ಹನ್ನೊಂದು ಕಿಲೋಮೀಟರು ನಡೆದು ಇದ್ದವನ್ನೂ ಇಲ್ಲದವನ್ನೂ ನೋಡಿ ಬರುತ್ತಾರೆ. ಎರಡು ಸಲ ಹಾವು ಕಚ್ಚಿದೆ. "ಕಲ್ಲ ಮಾಯಪ್ಪ" ಎಂಬ ಅಡ್ಡಹೆಸರು ದಿನಕ್ಕೆ ಇಪ್ಪತ್ತು ಸಲ ಕಚ್ಚುತ್ತದೆ.

ಕುರುಬರ ಮನೆತನ. ತಂದೆ ಕುರಿ ಹೊಡೆದುಕೊಂಡು ಅಂಕಲಗಿಯಿಂದ ಕೌಜಲಗಿವರೆಗೂ ತಿರುಗಿದವರು. ಇವರ ಮನೆಯ ಮೂವತ್ತು ಕುರಿ ಇವತ್ತಿಗೂ ಇದೇ ಹಿನ್ನೀರು ಕುಡಿಯುತ್ತವೆ. ಮೂರು ವರ್ಷದ ಹಿಂದೆ ಎದುರಿನ ಗುಡ್ಡಕ್ಕೆ ಕಲ್ಲು ಗಣಿ ಬಂತು, ಹಿಂದೆಯೇ ಜಲ್ಲಿ ಮಾಡುವ ಖಡಿ ಮಷಿನ್. ಮಧ್ಯಾಹ್ನ ಸಿಡಿಮದ್ದು ಹಾರಿದರೆ ಹಕ್ಕಿಗಳೆಲ್ಲ ಗೂಡು ಬಿಟ್ಟೇಳುತ್ತಿದ್ದವು. ತತ್ತಿ ತಣ್ಣಗಾಗುತ್ತಿದ್ದವು. ಕುರಿ ಕುಡಿಯುವ ನೀರಿನ ಮೇಲೆ ಧೂಳಿನ ಕೆನೆ. ಊರವರು ಕೋರ್ಟಿಗೆ ಹೋದರು. ಗಡಿಯಿಂದ ಒಂದು ಕಿಲೋಮೀಟರಿನೊಳಗೆ ಗಣಿ ಕೂಡದೆಂಬುದು ಅವರ ವಾದ. ಸರಿ, ಗಡಿ ಎಲ್ಲಿ? ವ್ಯಾಜ್ಯ ಅಲ್ಲಿಗೆ ಬಂದು ನಿಂತಿತು.

ಗುಡ್ಡಕ್ಕೆ ಹತ್ತಿರದ್ದು ಇಪ್ಪತ್ಮೂರನೆಯ ಕಲ್ಲು. ಮೊದಲ ಸಲ ಅಳೆಯಲು ಬಂದವರಿಗೆ ಅದು ಸಿಗಲಿಲ್ಲ. ಸಿಗದೇನು, ಕಣ್ಣೆದುರಿಗೇ ಇತ್ತು. ಮೈತುಂಬ ಭಂಡಾರ, ಅಂದರೆ ದೇವರಿಗೇರಿಸುವ ಅರಿಷಿಣದ ಪುಡಿ. ಮುಂದೊಂದು ಒಡೆದ ಕಾಯಿ. ಬಂದವರು ಬೂಟು ಬಿಚ್ಚಿ, ಕೈಮುಗಿದು, ದಾಟಿ ಹೋಗಿ ಇಪ್ಪತ್ನಾಲ್ಕರಿಂದ ಅಳೆದರು. ಒಂದು ಸಾವಿರದ ನೂರಮೂವತ್ತು ಮೀಟರು. ಗಣಿಯವರು ಗೆದ್ದ ಹಾಗೆಯೇ.

ಆ ದಿನ ಟೇಪಿನ ಇನ್ನೊಂದು ತುದಿ ಹಿಡಿದವರು ಮಾಯಪ್ಪನೇ. ಸುಮ್ಮನಿದ್ದದ್ದೇಕೆ? "ಯಾರೂ ಕೇಳ್ಲಿಲ್ರಿ" ಎನ್ನುತ್ತಾರೆ ಮೊದಲು. ಆಮೇಲೆ ಕುಂಚ ಕೆಳಗಿಡುತ್ತಾರೆ. "ಖರೆ ಹೇಳ್ಬೇಕಂದ್ರ, ಎಂಟು ವರ್ಷ ಆ ಕಲ್ಲಿಗೆ ನಾ ಸುಣ್ಣಾನ ಹಚ್ಚಿರಲಿಲ್ರಿ. ಕಳಕೊಂಡ ಕುರಿ ಆ ಕಲ್ಲಿನ ಬಾಜೂ ಸಿಕ್ತಂತ ನಮ್ಮವ್ವ ಭಂಡಾರ ಹಚ್ಚಿದ್ಲು. ದೇವರ ಮ್ಯಾಲೆ ಸುಣ್ಣ ಹೆಂಗ ಬಳೀಲಿ? ಪುಸ್ತಕದಾಗ ಮಾತ್ರ ಬಳದೇನಂತ ಬರೀತಿದ್ನಿ. ಹೇಳಿದ್ರ ಕೆಲಸ ಹೋಕ್ಕೈತಂತ ಅಂಜಿದ್ನಿ."

ಮರುಅಳತೆಗೆ ಕೋರ್ಟ್ ಕಮಿಷನರ್ ಆಗಿ ಗೋಕಾಕದ ವಕೀಲೆ ವಿಜಯಶ್ರೀ ಬಂದರು. ನಕಾಶೆ ಬಿಚ್ಚಿ, "ಇಪ್ಪತ್ಮೂರು ಎಲ್ಲೈತಿ?" ಎಂದು ಕೇಳಿದರು. ಎಲ್ಲರೂ ನಕಾಶೆಯನ್ನೇ ನೋಡಿದರು. ನೀರಿನ ಹತ್ತಿರ ಅವತ್ತು ಒಂದು ಹಕ್ಕಿಯೂ ಇರಲಿಲ್ಲವಂತೆ. ಅದನ್ನು ನೋಡಿ ಮಾಯಪ್ಪನಿಗೆ ಬಾಯಿ ಬಂತು. "ಅಕ್ಕಾರ, ಐತ್ರಿ. ಆದ್ರ ಈಗ ಅದು ದೇವರಾಗೇತ್ರಿ. ತಪ್ಪು ನಂದ."

ಗುಡ್ಡವನ್ನೇ ಒಡೆಯುತ್ತಿದ್ದವರ ಕಡೆಯ ವಕೀಲರಿಗೆ ಆ ಗಳಿಗೆಯಲ್ಲಿ ಭಕ್ತಿ ಉಕ್ಕಿತು. ದೇವರ ಮೈ ತೊಳೆಯುವುದು ಜನರ ನಂಬಿಕೆಗೆ ಧಕ್ಕೆ ಎಂದರು. ಅಷ್ಟೊತ್ತಿಗೆ ಕುರಿ ಬಿಟ್ಟು ಬಂದು ನಿಂತಿದ್ದ ಮಾಯಪ್ಪನ ತಾಯಿ ರಾಯವ್ವ ಸೊಂಟಕ್ಕೆ ಸೆರಗು ಸಿಗಿಸಿದರು.

"ದೇವರಿಗೆ ಜಳಕಾ ಮಾಡ್ಸಾಕ ಕೋರ್ಟಿನ ಅಪ್ಪಣಿ ಯಾಕ್ರಿ, ವಕೀಲಸಾಹೇಬ್ರ? ಅಮಾಸಿಗೊಮ್ಮಿ ನಾವ ಮಾಡಸ್ತೀವಿ. ಏ ಮಾಯಪ್ಪಾ, ಕೊಡಾ ತಾರೋ!"

ಎರಡು ಕೊಡ ನೀರಿಗೆ ಅರಿಷಿಣ ಇಳಿದು ಅಂಕಿ ಮೇಲೆದ್ದಿತು. "ಇದು ಲೆಕ್ಕದ ಅಂಕಿ ಏನ್ರಿ? ನಾ ದೇವರ ಮುದ್ರಿ ಅನ್ಕೊಂಡಿದ್ನಿ" ಎಂದರು ರಾಯವ್ವ. ಅಲ್ಲಿಂದ ಗಣಿಗೆ ಎಂಟುನೂರ ಎಪ್ಪತ್ತು ಮೀಟರು.

ಕೋರ್ಟಿನ ಆದೇಶದಂತೆ ಕಳೆದ ದೀಪಾವಳಿಯಿಂದ ಗಣಿಯೂ ಖಡಿ ಮಷಿನ್ನೂ ನಿಂತಿವೆ. ಮಾಯಪ್ಪನಿಗೆ ಒಂದು ಮೆಮೊ ಬಂತು, ಕೆಲಸ ಹೋಗಲಿಲ್ಲ. ಯಾವ ಕಲ್ಲು ಎಲ್ಲಿದೆಯೆಂದು ಬಲ್ಲವರು ಇನ್ನೊಬ್ಬರಿರಲಿಲ್ಲ. ಈ ಸಲ ಜಾಲಿಮರದಲ್ಲಿ ಗೂಡು ಎಣಿಸಿದ್ದಾರೆ, ಅರವತ್ತೆರಡು. ಮೆಮೊ ಮಡಚಿಟ್ಟ ಕಿಸೆಯಲ್ಲೇ ಆ ಲೆಕ್ಕ ಬರೆದ ಚೀಟಿಯೂ ಇದೆ. "ಅವ್ವನ ಪುಣ್ಯಾರಿ. ಭಂಡಾರ ಇರದಿದ್ರ ಅದೂ ಯಾರದೋ ಹಿತ್ತಲದಾಗ ಒಗಿಯೋ ಕಲ್ಲ ಆಗಿರ್ತಿತ್ತು."

ಗಣಿಯವರು ಮೇಲಿನ ಕೋರ್ಟಿಗೆ ಹೋಗಿದ್ದಾರೆ. ಇನ್ನೊಮ್ಮೆ ಅಳತೆಯಾಗಬಹುದು. ಕಳೆದುಹೋದ ಕಲ್ಲುಗಳ ಜಾಗದಲ್ಲಿ ಮುಂದಿನ ತಿಂಗಳು ಹನ್ನೆರಡು ಹೊಸವು ಬರಲಿವೆ. ಮಾಯಪ್ಪನಿಗೆ ಇರುವ ಆಸೆ ಒಂದೇ.

"ಇಲಾಖೆಯವ್ರು ಕಲ್ಲು ನೆಡ್ತಾರ, ನಾ ಸುಣ್ಣಾ ಹಚ್ಚತೇನಿ. ಅಷ್ಟಕ್ಕ ಉಳಿಯಂಗಿಲ್ರಿ ಅವು. ಅದಕ್ಕ ಅವ್ವಗ ಹೇಳೇನಿ, ಒಂದೊಂದಕ್ಕ ಒಂದೊಂದ ಚಿಟಿಕಿ ಭಂಡಾರ ಹಚ್ಚಬೇ ಅಂತ." ಕುಂಚ ಎತ್ತಿಕೊಂಡು ಹದಿನೈದರತ್ತ ಹೊರಡುತ್ತಾರೆ. "ಅಂಕಿ ಇರೋ ಮಗ್ಗಲಾ ಒಂದ ಬಿಟ್ಟು."